ಚಾಮರಾಜರ ಕತ್ತಿಯೂ ಪಾರ್ಕಿಂಗಿನ ಬೂದುಗುಂಬಳವೂ

ಚಾಮರಾಜರ ಮೂಗು ನೋಡಿದರೆ ಸಾಕು, ಸುತ್ತಮುತ್ತ ಏನು ನಡೆಯುತ್ತಿದೆ ಎಂದು ಗೊತ್ತಾಗುತ್ತದೆ. ಕನ್ನಡ ಸಂಘದ ಸಮಾರಂಭದಲ್ಲಿ ಸ್ವಾಗತ ಭಾಷಣ ಎರಡನೇ ಹಾಳೆಗೆ ತಿರುಗಿದರೆ ಮೂಗಿನ ಎಡಬದಿ ಮಾತ್ರ ಸುಕ್ಕಾಗುತ್ತದೆ. ಊಟದ ಸಾಲಿನಲ್ಲಿ ಯಾರಾದರೂ ಸಾರಿನ ಸೌಟನ್ನು ಮೊಸರನ್ನಕ್ಕೆ ಅದ್ದಿದರೆ ಎರಡೂ ಬದಿ ಸುಕ್ಕಾಗಿ, ಮೇಲ್ದುಟಿ ಮುದುಡಿ, ಗಂಟಲಿನಿಂದ ಒಂದು ‘ಥೂ’ ಹೊರಡುತ್ತದೆ. ನನ್ನನ್ನು ಕಂಡಾಗ ಇವೆರಡರ ನಡುವಿನ ಒಂದು ಸುಕ್ಕು ಬರುತ್ತದೆ. ಅದನ್ನೇ ನಾನು ಪ್ರೀತಿ ಎಂದುಕೊಂಡಿದ್ದೇನೆ.

ಅವರು ಇರುವುದು ಪರ್ತಿನ ಥಾರ್ನ್ಲಿಯಲ್ಲಿ, ನಮ್ಮ ಮನೆಯಿಂದ ಎರಡು ಬೀದಿ ಆಚೆ. ಅಲ್ಲಿನ ಕಮ್ಯುನಿಟಿ ಹಾಲಿನಲ್ಲಿ ಪ್ರತಿ ಶನಿವಾರ ಕತ್ತಿವರಸೆ ಕಲಿಸುತ್ತಾರೆ. ನಮ್ಮ ಕಡೆಯ ಢಾಲು ಕತ್ತಿಯಲ್ಲ. ಬಿಳಿ ಜಾಕೆಟ್ಟು ತೊಟ್ಟು, ಜಾಳಿಗೆಯ ಮುಖವಾಡ ಹಾಕಿಕೊಂಡು, ತೆಳ್ಳನೆ ಕತ್ತಿಯಿಂದ ಚುಚ್ಚುವ ಫೆನ್ಸಿಂಗ್. ವರ್ಷಕ್ಕೊಮ್ಮೆ ಆಯುಧಪೂಜೆಗೆ ಸಂಘದವರು ನಡೆಸುವ ಕಾರು ರ‍್ಯಾಲಿಗೂ ಅವರೇ ಕಾರ್ಯದರ್ಶಿ. ಕತ್ತಿ ಮತ್ತು ಕಾರು ಎರಡಕ್ಕೂ ಒಂದೇ ದಿನ ಪೂಜೆ ಆಗುವುದರಿಂದ ಎರಡು ಕೆಲಸವೂ ಒಬ್ಬನಿಗೇ ಇರಲಿ ಎಂದು ಸಂಘ ತೀರ್ಮಾನಿಸಿತ್ತು. ಬೇರೆ ಯಾರೂ ಒಪ್ಪಿರಲಿಲ್ಲ ಎನ್ನುವುದು ಇನ್ನೊಂದು ಕಾರಣ.

ಮೈಸೂರಿನವರು. ತೊಂಬತ್ತರ ದಶಕದ ಕೊನೆಗೆ ಅಡಿಲೇಡಿನ ಕಾರು ಫ್ಯಾಕ್ಟರಿಯೊಂದಕ್ಕೆ ಇಂಜಿನಿಯರಾಗಿ ಬಂದರು. ಸಾಲಾಗಿ ಬರುವ ಕಾರುಗಳ ಬಾಗಿಲು ಸರಿಯಾಗಿ ಮುಚ್ಚಿಕೊಳ್ಳುತ್ತದೆಯೇ ಎಂದು ನೋಡುವುದು ಅವರ ಕೆಲಸ. ಜೀವನವಿಡೀ ಸಂದುಗಳನ್ನೇ ದಿಟ್ಟಿಸಿದವನಿಗೆ ಪ್ರಪಂಚದಲ್ಲಿ ಯಾವುದೂ ಸರಿಯಾಗಿ ಕೂತಂತೆ ಕಾಣುವುದಿಲ್ಲ. ಅಲ್ಲಿ ಮೊದಲು ಬ್ಯಾಡ್ಮಿಂಟನ್ ಆಡಲು ಹೋಗುತ್ತಿದ್ದರಂತೆ. ಗೆರೆಯ ಮೇಲೆ ಬಿದ್ದ ಶಟಲ್ ಕಾಕನ್ನು ‘ಔಟ್, ಔಟ್’ ಎಂದು ಕೂಗುವ ಸಭ್ಯ ಗೃಹಸ್ಥರನ್ನು ನೋಡಿ ಹೇಸಿಗೆ ಬಂತು. ಪೇಂಟ್ ವಿಭಾಗದಲ್ಲಿ ಹಂಗೇರಿಯಿಂದ ಬಂದ ಮುದುಕನೊಬ್ಬನಿದ್ದ. ಅವನು ಇವರನ್ನು ಚರ್ಚಿನ ಹಾಲೊಂದಕ್ಕೆ ಕರೆದುಕೊಂಡು ಹೋಗಿ ಕೈಗೆ ಕತ್ತಿ ಕೊಟ್ಟ. ದೀಪ, ಗಂಟೆ, ವೈರು ಯಾವುದೂ ಇಲ್ಲದ ಹಳೆಯ ಪದ್ಧತಿ. ಎದುರಾಳಿಯ ಮೊನೆ ಮೈಗೆ ತಾಗಿದರೆ, ತಾಗಿಸಿಕೊಂಡವನೇ ಎಡಗೈ ಎತ್ತಿ ‘ತಗಲಿತು’ ಎನ್ನಬೇಕು. ಇಬ್ಬರಿಗೂ ಒಟ್ಟಿಗೇ ತಗಲಿದರೆ ಇಬ್ಬರೂ ಎತ್ತಬೇಕು.

“ಚುಚ್ಚಿದವನು ಬಾಯಿ ಬಿಡೋ ಹಾಗಿಲ್ಲ ಕಣಯ್ಯ, ಚುಚ್ಚಿಸಿಕೊಂಡವನೇ ಹೇಳ್ಬೇಕು. ಇಂಥದ್ದೊಂದು ಆಟ ಭೂಮಿ ಮೇಲಿದೆ ಅಂತ ಗೊತ್ತಾಗೋಕೆ ನನಗೆ ಮೂವತ್ತೈದು ವರ್ಷ ಬೇಕಾಯ್ತು!” ಎಂದು ಅವರು ಹೇಳುವಾಗ ಮಾತ್ರ ಮೂಗು ಸಮತಟ್ಟಾಗಿರುತ್ತದೆ.

ಫ್ಯಾಕ್ಟರಿ ಮುಚ್ಚಿತು. ತಾವೇ ಬಾಗಿಲು ಪರೀಕ್ಷಿಸಿ ಕಳಿಸಿದ್ದ ಒಂದು ಬಿಳಿ ಕಾರನ್ನು ಕೊಂಡು, ಹೆಂಡತಿ ವನಜಾ ಅವರನ್ನು ಕೂರಿಸಿಕೊಂಡು ಬ್ರಿಸ್ಬೇನಿಗೆ ಹೋದರು. ಇಂಡೂರೂಪಿಲ್ಲಿಯ ಅಪಾರ್ಟ್‌ಮೆಂಟಿನಲ್ಲಿ ಅಕ್ಕಪಕ್ಕದ ಕನ್ನಡಿಗರು ನೆಲಮಾಳಿಗೆಯ ಪಾರ್ಕಿಂಗಿನಲ್ಲಿ ಆಯುಧಪೂಜೆ ಮಾಡಿ, ತೆಂಗಿನಕಾಯಿ ಈಡುಗಾಯಿ ಹೊಡೆದು, ಚೂರುಗಳನ್ನು ಅಲ್ಲೇ ಬಿಟ್ಟು, ಮೇಲೆ ಹೋಗಿ ಹೋಳಿಗೆ ತಿಂದರು. ಬ್ರಿಸ್ಬೇನಿನ ಸೆಖೆಗೆ ಕಾಯಿನೀರು ಹುಳಿಯಿತು. ಇರುವೆ ಬಂದವು, ಅದರ ಹಿಂದೆ ಜಿರಲೆ, ಅದರ ಹಿಂದೆ ಬಿಲ್ಡಿಂಗ್ ಮ್ಯಾನೇಜರ್. ಒಡೆದದ್ದು ತಾವೆಂದು ಯಾರೂ ಒಪ್ಪಲಿಲ್ಲ. ಆ ವಾಸನೆ ಈಗಲೂ ಮೂಗಿನಲ್ಲಿದೆ ಎನ್ನುತ್ತಾರೆ ಚಾಮರಾಜರು. ಮುಂದೆ ಗಣಿ ಲಾರಿಗಳನ್ನು ರಿಪೇರಿ ಮಾಡುವ ಕಂಪನಿಯಲ್ಲಿ ಕೆಲಸ ಸಿಕ್ಕಿ ಪರ್ತಿಗೆ ಬಂದಾಗ, ಆ ಮೂಗು, ಆ ಕಾರು ಮತ್ತು ಒಂದು ಕಟ್ಟು ಕತ್ತಿ, ಮೂರೂ ಜೊತೆಗೆ ಬಂದವು.

ಈಗ ನಿವೃತ್ತರು. ಥಾರ್ನ್ಲಿಯ ಆ ಕಮ್ಯುನಿಟಿ ಹಾಲು ಸಿಗದಿದ್ದರೆ ಆ ಮನುಷ್ಯನಿಗೆ ಶನಿವಾರವಷ್ಟೇ ಅಲ್ಲ, ವಾರದ ಉಳಿದ ದಿನಗಳೂ ಇರುವುದಿಲ್ಲ. ಉದ್ದವಾಗಿ, ಕಂಬವಿಲ್ಲದೆ, ಮರದ ನೆಲವಿರುವ, ಕತ್ತಿ ತರುತ್ತೇವೆ ಎಂದರೂ ಬಾಗಿಲು ತೆರೆಯುವ ಹಾಲು ಬೇಕೆಂದು ಅವರು ಹುಡುಕದ ಬಡಾವಣೆಯಿಲ್ಲ. ಕೊನೆಗೆ ಈ ಹಾಲಿನ ಮ್ಯಾನೇಜರ್ ಗ್ಲೆಂಡಾ ಒಪ್ಪಿದಳು. ಆ ಹಾಲಿನ ಪಾರ್ಕಿಂಗಿನಲ್ಲೇ ರ‍್ಯಾಲಿಯ ಪೂಜೆಯೂ ನಡೆಯುವುದು, ಜಾಗ ಕಾಯ್ದಿರಿಸುವುದೂ ಚಾಮರಾಜರ ಹೆಸರಿನಲ್ಲೇ.

ಆ ತರಗತಿಯಲ್ಲಿ ನಾನೂ ಒಬ್ಬ. ಹೊಟ್ಟೆ ಕರಗಿಸಲು ಸೇರಿದೆ. ಹೊಟ್ಟೆ ಹಾಗೆಯೇ ಇದೆ. ಎದುರಾಳಿಗಳಿಗೆ ಗುರಿ ಸಿಗುವುದು ಸುಲಭವಾಗಿದೆ. ಎರವಲು ಕೈಗವಸುಗಳ ವಾಸನೆಯ ಬಗ್ಗೆ ಊಟದ ಹೊತ್ತಿಗೆ ಯಾರಾದರೂ ಈ ಬರಹ ಓದುತ್ತಿರಬಹುದೆಂದು ಬರೆಯುವುದಿಲ್ಲ. ವನಜಾ ಆಂಟಿ ಹಾಲಿನ ಮೂಲೆಯಲ್ಲಿ ಕುರ್ಚಿ ಹಾಕಿಕೊಂಡು ಸೊಪ್ಪು ಬಿಡಿಸುತ್ತಾ ಕೂರುತ್ತಾರೆ. ನನ್ನಷ್ಟು ವಯಸ್ಸಾದವನು ಆಂಟಿ ಎನ್ನುವುದು ಅವರಿಗೆ ಹಿಡಿಸುವುದಿಲ್ಲ. ಅದಕ್ಕೇ ನಾನು ಯಾವುದಾದರೂ ಪೆಟ್ಟನ್ನು ನುಂಗಿಕೊಂಡರೆ ಸೊಪ್ಪಿನ ಮೇಲಿನ ಕಣ್ಣನ್ನೂ ಎತ್ತದೆ, “ಸದಾಶಿವ, ತಗಲಿತು. ಕೈ ಎತ್ತು” ಎನ್ನುತ್ತಾರೆ.

ಹೋದ ವರ್ಷದ ಆಯುಧಪೂಜೆಯ ಹಿಂದಿನ ದಿನ ತರಗತಿ ಮುಗಿಸಿ ನಾವು ಪಾರ್ಕಿಂಗಿಗೆ ಬರುವ ಹೊತ್ತಿಗೆ ಸಂಘದ ಅಧ್ಯಕ್ಷ ಡಾಕ್ಟರ್ ನಾಗೇಂದ್ರ ಬಂದರು. ಜೂಂಡಲಪ್ ಕಡೆ ಕ್ಲಿನಿಕ್ ಇಟ್ಟಿರುವವರು. ಸದ್ದಿಲ್ಲದ ಹೊಸ ಎಲೆಕ್ಟ್ರಿಕ್ ಕಾರಿನಲ್ಲಿ ಬಂದು, ಸದ್ದು ಮಾಡಿಕೊಂಡೇ ಇಳಿದರು. ಚಾಮರಾಜರಿಗಿಂತ ಐದಾರು ವರ್ಷಕ್ಕಷ್ಟೇ ಚಿಕ್ಕವರು. ಆದರೂ ಅಂಕಲ್ ಎನ್ನುತ್ತಾರೆ.

“ಅಂಕಲ್, ರೂಲ್ಸ್ ಏನಾದ್ರೂ ಲೂಸ್ ಮಾಡಿದ್ದೀರಾ ಈ ಸಲ?”

“ಇಲ್ಲ. ಒಂದು ಚಕ್ರಕ್ಕೆ ಒಂದು ನಿಂಬೆಹಣ್ಣು. ಹತ್ತಿಸಿದವರೇ ಎತ್ತಿ ಬಿನ್ನಿಗೆ ಹಾಕ್ಬೇಕು. ಟಾರಿನ ಮೇಲೆ ತೆಂಗಿನಕಾಯಿ ಇಲ್ಲ, ಬೂದುಗುಂಬಳ ಇಲ್ಲ.”

“ಕುಂಬಳಕಾಯಿ ಒಡೀದೆ ಆಯುಧಪೂಜೆನಾ? ದೃಷ್ಟಿ ಯಾರು ತೆಗೀತಾರೆ?”

“ನಿಮ್ಮ ಗಾಡಿಗೆ ದೃಷ್ಟಿ ತಗಲೋದಿದ್ರೆ ಡ್ರೈವರ್ ಸೀಟಿನ ಕಡೆಯಿಂದಲೇ ತಗಲುತ್ತೆ. ಮನೆಯಲ್ಲಿ ಒಡ್ಕೊಳ್ಳಿ.”

ನಾಗೇಂದ್ರ ನಕ್ಕು, ಚಾಮರಾಜರ ಬಿಳಿ ಕಾರಿನ ಬಾನೆಟ್ ತಟ್ಟಿದರು. “ಅಬ್ಬಾ, ಇದು ಇನ್ನೂ ಓಡ್ತಿದೆಯಲ್ಲ! ನೋಡ್ತಾ ಇರಿ ಅಂಕಲ್, ಈ ಗಾಡಿ ನಿಮಗಿಂತ ಜಾಸ್ತಿ ದಿನ ಬಾಳುತ್ತೆ.”

ಕಾರಿನೊಳಗೆ ಕೂತು ಸೊಪ್ಪು ಬಿಡಿಸುತ್ತಿದ್ದ ವನಜಾ ಆಂಟಿಯ ಕೈಯಲ್ಲಿದ್ದ ಮೆಂತ್ಯದ ಕಡ್ಡಿ ಅಲ್ಲಿಗೇ ನಿಂತಿತು. ನಾನು ನೋಡಿದೆ. ಆದರೆ ನನಗೆ ಆ ಹೊತ್ತಿಗೆ ತೊಡೆಯ ಮೇಲಿನ ಪೆಟ್ಟು ಉರಿಯುತ್ತಿತ್ತು.

ಮರುದಿನದ ರ‍್ಯಾಲಿಯನ್ನು ನೆನೆದರೆ ನನಗೂ ಮೂಗು ಸುಕ್ಕಾಗುತ್ತದೆ. ಥಾರ್ನ್ಲಿಯಿಂದ ಜೂಂಡಲಪ್ಪಿಗೆ, ಊರಿನ ಈ ತುದಿಯಿಂದ ಆ ತುದಿಗೆ ಹೋಗುವುದು. ಮೊದಲು ಬಂದವರಲ್ಲ, ಹೇಳಿದ ಹೊತ್ತಿಗೆ ಸರಿಯಾಗಿ ಬಂದವರು ಗೆದ್ದಂತೆ. ಯಾರೂ ಜೋರಾಗಿ ಓಡಿಸದಿರಲಿ ಎಂದು ಚಾಮರಾಜರು ಮಾಡಿದ ನಿಯಮ. ನಮ್ಮವರು ಇದಕ್ಕೂ ದಾರಿ ಕಂಡುಕೊಂಡರು: ಯದ್ವಾತದ್ವಾ ಓಡಿಸಿಕೊಂಡು ಬೇಗ ಬಂದು, ತಿರುವಿನ ಹಿಂದಿನ, ಇಲ್ಲಿನವರು ಸರ್ವೋ ಎನ್ನುವ ಪೆಟ್ರೋಲ್ ಬಂಕಿನಲ್ಲಿ ಗಾಡಿ ನಿಲ್ಲಿಸಿ, ಪೆಟ್ರೋಲ್ ವಾಸನೆಯ ನಡುವೆ ಚಿಪ್ಸ್ ಮೆಲ್ಲುತ್ತಾ ಗಡಿಯಾರ ನೋಡುತ್ತಾ ಕೂತು, ಹೊತ್ತಿಗೆ ಸರಿಯಾಗಿ ಮುಗುಳ್ನಗುತ್ತಾ ತೇಲಿ ಬರುವುದು. ಡಾಕ್ಟರರೂ ಹಾಗೆಯೇ ಬಂದು ಎರಡನೇ ಬಹುಮಾನ ಪಡೆದರು. ಅವರ ತುಟಿಯ ಮೇಲೆ ಚಿಪ್ಸಿನ ಉಪ್ಪಿತ್ತು.

ಕೊನೆಯ ಗೆರೆಯಲ್ಲಿ ಸಮಯ ನೋಡಲು ಚಾಮರಾಜರು ನನ್ನ ಕಾರಿನಲ್ಲಿ ಮೊದಲೇ ಬಂದುಬಿಟ್ಟಿದ್ದರು. ಅವರ ಬಿಳಿ ಕಾರನ್ನು ವನಜಾ ಆಂಟಿ ಎಲ್ಲರಿಗಿಂತ ಕೊನೆಗೆ ಓಡಿಸಿಕೊಂಡು ಬಂದರು, ದಾರಿಯಲ್ಲಿ ಕೆಟ್ಟು ನಿಂತವರನ್ನು ನೋಡಿಕೊಳ್ಳಲು. ಅವರು ಇಳಿದ ಕೂಡಲೇ, “ಎಲ್ಲ ಕ್ಲೀನಾಗಿದೆ ಅಲ್ವಾ ಅಲ್ಲಿ ಪಾರ್ಕಿಂಗಲ್ಲಿ?” ಎಂದು ಗಂಡ ಕೇಳಿದ್ದಕ್ಕೆ, “ಊಟಕ್ಕೆ ಏಳ್ರೀ ಮೊದಲು” ಎಂದರು.

ಮರುದಿನ ಬೆಳಿಗ್ಗೆ ಗ್ಲೆಂಡಾಳ ಫೋನ್ ಬಂತು. ಚಾಮರಾಜರು ನನ್ನನ್ನು ಹೊರಡಿಸಿಕೊಂಡು ಓಡಿದರು. ಪಾರ್ಕಿಂಗಿನ ನಡುವೆ, ಗಾಲಿಕುರ್ಚಿಯವರಿಗೆಂದು ಮೀಸಲಿಟ್ಟ ಜಾಗದ ತಿಳಿ ಸಿಮೆಂಟಿನ ಮೇಲೆ, ದೊಡ್ಡದೊಂದು ಬೂದುಗುಂಬಳ ಒಡೆದು ಬಿದ್ದಿತ್ತು. ಒಡಲಲ್ಲಿ ತುಂಬಿದ್ದ ಅರಿಶಿನ ಕುಂಕುಮ ಅದರ ನೀರಿನಲ್ಲಿ ಕಲೆತು, ನಡುವೆ ಕೆಂಪಗೆ, ಸುತ್ತಲೂ ಹಳದಿಯಾಗಿ ಹರಿದಿತ್ತು. ಬಿಸಿಲಿಗೆ ತಿರುಳು ಕೊಳೆತು, ಬೀಜಗಳು ಹಲ್ಲಿನ ಹಾಗೆ ಹೊರಬಂದು, ನೊಣಗಳು ಸಂಘದ ಮಹಾಸಭೆಗಿಂತ ಹೆಚ್ಚು ಸಂಖ್ಯೆಯಲ್ಲಿ ಸೇರಿದ್ದವು. ಅಲ್ಲಿ ವಾಕಿಂಗ್ ಬಂದ ಮುದುಕರೊಬ್ಬರ ನಾಯಿ ಅದನ್ನು ನೆಕ್ಕಿ, ಮೂತಿ ಕೆಂಪಗೆ ಮಾಡಿಕೊಂಡು ನಮ್ಮತ್ತ ನೋಡಿತು. ಯಾರಿಗೆ ಪೆಟ್ಟಾಯಿತು, ಆಂಬುಲೆನ್ಸ್ ಬಂದಿತ್ತೇ ಎಂದು ಆ ಮುದುಕರು ಕೇಳಿದರು. ತರಕಾರಿ ಎಂದೆ. ನಂಬಲಿಲ್ಲ. ನಂಬುವ ಹಾಗೂ ಇರಲಿಲ್ಲ, ಚಾಮರಾಜರು ಹಾಲಿನ ಕಪಾಟಿಗೆಂದು ಕತ್ತಿಗಳ ಚೀಲವನ್ನು ಹೆಗಲಿಗೇರಿಸಿ ನಿಂತಿದ್ದರು.

“ನಾಗೇಂದ್ರನದೇ ಕೆಲಸ,” ಎಂದರು ಚಾಮರಾಜರು. ಮೂಗು ಮುಖದಲ್ಲೆಲ್ಲ ಹರಡಿತ್ತು. “ಡಾಕ್ಟರಂತೆ! ಗಾಲಿಕುರ್ಚಿ ಜಾಗಕ್ಕೇ ಎತ್ತಿ ಎಸೆದಿದ್ದಾನಲ್ಲ. ಥೂ!”

ಇಲ್ಲಿ ದಸರೆ ಎಂದರೆ ವಸಂತಕಾಲ. ಹಾಲಿನ ಅಂಗಳದ ಮರದಲ್ಲಿ ಗೂಡು ಕಟ್ಟಿದ್ದ ಮ್ಯಾಗ್‌ಪೈ ಹಕ್ಕಿಯೊಂದು ಕೆಳಗೆ ಬಗ್ಗಿದವರ ತಲೆಗೆ ಕುಕ್ಕಲು ಬರುತ್ತಿತ್ತು. ಆದ್ದರಿಂದ ಫೆನ್ಸಿಂಗ್ ಮುಖವಾಡ ಹಾಕಿಕೊಂಡು ಇಬ್ಬರೂ ಮಂಡಿಯೂರಿದೆವು. ತಿರುಳನ್ನು ಕೈಯಿಂದಲೇ ಬಾಚಿ ಬಿನ್ನಿಗೆ ಹಾಕಿದೆವು. ಅದು ಬೆರಳ ಸಂದಿನಿಂದ ಜಾರಿ ಮತ್ತೆ ನೆಲಕ್ಕೇ ಬೀಳುತ್ತಿತ್ತು. ಉಳಿದದ್ದು ಕಲೆ. ನಾನು ಜಾಣತನ ಮೆರೆದೆ. ಕಾರಿನಲ್ಲಿದ್ದ ವಾಷಿಂಗ್ ಸೋಡಾದ ಡಬ್ಬ ತಂದು ಸುರಿದು, ನೀರು ಹಾಕಿ ಉಜ್ಜಿದೆ. ಅಷ್ಟು ಹೊತ್ತು ಹಳದಿಯಾಗಿದ್ದ ಜಾಗವೆಲ್ಲ ಕಣ್ಣೆದುರೇ ರಕ್ತಗೆಂಪಾಯಿತು. ಹೆಚ್ಚು ಉಜ್ಜಿದಷ್ಟೂ ಹೆಚ್ಚು ಕೆಂಪು. ಚಾಪೆಯಷ್ಟಿದ್ದದ್ದು ಜಮಖಾನದಷ್ಟಾಯಿತು.

ಗ್ಲೆಂಡಾ ಬಂದದ್ದು ಆಗ. ಮುಖವಾಡ ಹಾಕಿಕೊಂಡ ಇಬ್ಬರು ಗಂಡಸರು ಕೆಂಪು ಮಡುವಿನಲ್ಲಿ ಮಂಡಿಯೂರಿರುವುದನ್ನು ಸ್ವಲ್ಪ ಹೊತ್ತು ನೋಡಿ, ಇಂಗ್ಲಿಷಿನಲ್ಲಿ ಮೆಲ್ಲಗೆ ಹೇಳಿದಳು: ಗುರುವಾರ ಹಾಲಿನ ಸಮಿತಿ ಸೇರುತ್ತದೆ. ಇದನ್ನು ಯಾರು ಮಾಡಿದರೆಂದು ನೀವು ಅಲ್ಲಿ ಹೇಳಬೇಕು. ಯಾರೂ ಒಪ್ಪಿಕೊಳ್ಳದಿದ್ದರೆ ನಿಮ್ಮ ಸಂಘಕ್ಕೂ ಹಾಲಿಲ್ಲ, ಕತ್ತಿಯ ತರಗತಿಗೂ ಇಲ್ಲ.

ಚಾಮರಾಜರು ಮುಖವಾಡ ತೆಗೆಯಲಿಲ್ಲ. ಜಾಳಿಗೆಯ ಹಿಂದೆ ಅವರ ಮೂಗು ಹೇಗಿತ್ತೋ ಕಾಣಲಿಲ್ಲ.

ಮನೆಗೆ ಹೋಗದೆ ಅಲ್ಲೇ ಕೂತು ಸಂಘದ ವಾಟ್ಸಾಪ್ ಗುಂಪಿಗೆ ಹಾಕಿದರು: ‘ಒಡೆದವರು ಕೈ ಎತ್ತಿ.’ ಉತ್ತರವಾಗಿ ದಸರೆಯ ಶುಭಾಶಯಗಳು ಬಂದವು. ಯಾರೋ ಆನೆಯ ಚಿತ್ರ ಹಾಕಿದರು. ನಾಗೇಂದ್ರರು, ‘ಅಂಕಲ್, ಲೆಟ್ ಅಸ್ ಬಿ ಪಾಸಿಟಿವ್’ ಎಂದರು.

“ನೋಡಿದ್ಯಾ? ಚುಚ್ಚಿಸಿಕೊಂಡು ಪಾಸಿಟಿವ್ ಅಂತಾನೆ!”

ಅಷ್ಟರಲ್ಲಿ ಬಿಳಿ ಕಾರು ಬಂತು. ನಾವು ತಿಂಡಿಗೂ ಬರಲಿಲ್ಲವೆಂದು ವನಜಾ ಆಂಟಿ ಡಬ್ಬಿ ಹಿಡಿದುಕೊಂಡು ಇಳಿದರು. ನೆಲ ನೋಡಿ ನಿಂತೇಬಿಟ್ಟರು.

“ಏನ್ರೀ ಇದು, ಇಷ್ಟೊಂದು! ಯಾರು ಸೋಡಾ ಹಾಕಿದ್ದು?”

ನಾನು ಕೈ ಎತ್ತಿದೆ.

“ನಿನ್ನ ತಲೆ! ಆರತಿಗೆ ಓಕುಳಿ ಮಾಡೋದನ್ನ ನಿಮ್ಮನೇಲಿ ನೋಡೇ ಇಲ್ವಾ? ಅರಿಶಿನಕ್ಕೆ ಸುಣ್ಣ ಹಾಕಿದ್ರೆ ಕೆಂಪಾಗಲ್ವಾ? ಸೋಡಾನೂ ಅದೇ ಕೆಲಸ ಮಾಡುತ್ತೆ. ನೀನು ಕ್ಲೀನ್ ಮಾಡಿಲ್ಲಪ್ಪ, ಊರಿಗೆಲ್ಲ ಆಗೋಷ್ಟು ಓಕುಳಿ ಕದಡಿದ್ದೀಯ. ವಿನೆಗರ್ ತರಬೇಕು ಇದಕ್ಕೆ. ನಾನು ಹಾಕಿದ್ದು ಇಷ್ಟಿರಲಿಲ್ವಲ್ಲ, ಒಂದು ಬಟ್ಟಲು ಅರಿಶಿನ, ಒಂದು ಹಿಡಿ ಕುಂಕುಮ...”

ಆಂಟಿ ತಟ್ಟನೆ ಡಬ್ಬಿಯ ಮುಚ್ಚಳ ಬಿಗಿಮಾಡತೊಡಗಿದರು.

“ನೀನಾ?” ಎಂದರು ಚಾಮರಾಜರು.

“ಮತ್ತಿನ್ನೇನು ಮಾಡ್ಲಿ? ಗಾಡಿ ನಿಮಗಿಂತ ಜಾಸ್ತಿ ದಿನ ಬಾಳುತ್ತೆ ಅಂತ ಹಬ್ಬದ ಹಿಂದಿನ ದಿನ ಅಂದ್ಬಿಟ್ಟ ಆ ಡಾಕ್ಟ್ರು. ಡಾಕ್ಟರ್ ಬಾಯಲ್ಲಿ ಬರೋ ಮಾತಾ ಅದು? ರಾತ್ರಿಯೆಲ್ಲ ನಿದ್ದೆ ಬರಲಿಲ್ಲ ನನಗೆ. ಎಲ್ಲರೂ ಹೋದ ಮೇಲೆ ನಿಮಗೂ ಗಾಡಿಗೂ ಸೇರಿಸಿ ಇಳಿ ತೆಗೆದು ಒಡೆದೆ. ಎತ್ತಿ ಹಾಕೋಣ ಅಂತ ಬಗ್ಗಿದ್ರೆ ಈ ಹಕ್ಕಿ ತಲೆಗೇ ಬಂತು. ಓಡ್ಹೋಗಿ ಗಾಡಿ ಹತ್ತಿದೆ.”

“ರೂಲ್ಸ್ ಮಾಡಿದವನು ನಾನು ವನಜಾ!”

“ನೀವಿದ್ರೆ ತಾನೇ ರೂಲ್ಸು?”

ಚಾಮರಾಜರು ಮತ್ತೆ ಮಂಡಿಯೂರಿ ಉಜ್ಜತೊಡಗಿದರು.

ಆಂಟಿ ದನಿ ತಗ್ಗಿಸಿ, “ಸುಮ್ನಿರಿ. ಎಲ್ಲರೂ ಡಾಕ್ಟ್ರೇ ಅಂದ್ಕೊಂಡಿದ್ದಾರೆ, ಹಾಗೇ ಇರ್ಲಿ. ಒಂದು ರೀತೀಲಿ ಅವನದೇ ತಾನೆ ತಪ್ಪು?” ಎಂದರು. ನನಗೆ ಇದು ಬಹಳ ನ್ಯಾಯವಾಗಿ ಕಂಡಿತು. ಹಾಗೆಂದು ಹೇಳಿಯೂಬಿಟ್ಟೆ. ಚಾಮರಾಜರು ನನ್ನತ್ತ ತಿರುಗಿದರು. ಮೊಸರನ್ನದ ಸುಕ್ಕು, ಪೂರ್ತಿ.

ಅವರಿಗೆ ಪ್ರಪಂಚದ ಮೇಲೆ ಹೇಸಿಗೆ ಪಟ್ಟು ಅಭ್ಯಾಸವಿತ್ತು. ತಮ್ಮ ಮೇಲೆಯೇ ಪಡುವುದು ಹೊಸತು. ಎಲ್ಲಿಂದ ಹಿಡಿಯಬೇಕೆಂದು ತಿಳಿಯದವರಂತೆ ಗುರುವಾರದವರೆಗೆ ಓಡಾಡುತ್ತಿದ್ದರು.

ಸಭೆಯಲ್ಲಿ ಹಾಲಿನ ಸಮಿತಿಯವರು ಒಂದು ಕಡೆ, ನಮ್ಮವರು ಒಂದು ಕಡೆ. ವನಜಾ ಆಂಟಿ ಎಂದಿನ ಮೂಲೆಯ ಕುರ್ಚಿಯಲ್ಲಿ, ಸೊಪ್ಪಿಲ್ಲದೆ. ಗ್ಲೆಂಡಾ ಕೇಳಿದಳು. ನಮ್ಮವರು ಚಾವಣಿಯ ಫ್ಯಾನುಗಳನ್ನು ಅಭ್ಯಾಸ ಮಾಡಿದರು. ಆಗ ನಾಗೇಂದ್ರ ಎದ್ದರು. ತಮ್ಮ ಮೇಲೆ ಗುಮಾನಿ ಇದೆಯೆಂದು ಅವರಿಗೂ ಗೊತ್ತಿತ್ತು; ಅದನ್ನು ಕೊಡವಿಕೊಳ್ಳಲು ಬೇಗ ಸಿಕ್ಕಿದ ದಾರಿ ಹಿಡಿದರು. ನಮ್ಮದು ಪ್ರಾಚೀನ ಸಂಸ್ಕೃತಿ, ಪ್ರಕೃತಿಯನ್ನು ಪೂಜಿಸುವವರು ನಾವು, ಇಡೀ ಕಾಯನ್ನು ಭಕ್ತಿಯಿಂದ ಮೂಲೆಯಲ್ಲಿಟ್ಟು ಹೋಗಿದ್ದನ್ನು ಬಹುಶಃ ಹಕ್ಕಿಗಳು ಎಳೆದಾಡಿ ಒಡೆದಿರಬೇಕು, ಎಂದರು.

ಮಗುವಿನ ತೂಕದ ಬೂದುಗುಂಬಳವನ್ನು ಹಕ್ಕಿಗಳು! ನಮ್ಮ ಸಾಲಿನಲ್ಲಿ ಮೂರು ಜನ ತಲೆಯಾಡಿಸಿದರು. ಅದರಲ್ಲಿ ನಾನೊಬ್ಬ.

ಚಾಮರಾಜರ ಮೂಗಿನತ್ತ ನೋಡಿದೆ. ಸುಕ್ಕು ಎದ್ದಿತು, ಮೇಲ್ದುಟಿಗೆ ಬಂತು, ‘ಥೂ’ ಇನ್ನೇನು ಹೊರಡಬೇಕು. ಹೊರಡಲಿಲ್ಲ. ಅವರು ಎದ್ದು ನಿಂತು, ಬೆನ್ನು ನೆಟ್ಟಗೆ ಮಾಡಿ, ಎಡಗೈ ಎತ್ತಿದರು. ಅಭ್ಯಾಸಬಲದಿಂದ ಕನ್ನಡದಲ್ಲೇ ಬಂತು:

“ತಗಲಿತು.”

ಆಮೇಲೆ ಇಂಗ್ಲಿಷಿನಲ್ಲಿ, ನನ್ನ ಕಾರಿಗಾಗಿ ಒಡೆದದ್ದು, ಹೊಣೆ ನನ್ನದು, ಎಂದರು.

ಮೂಲೆಯಲ್ಲಿ ಕುರ್ಚಿ ಕರಕರ ಎಂದಿತು. ವನಜಾ ಆಂಟಿಯ ಎಡಗೈಯೂ ಮೇಲೆದ್ದಿತ್ತು, ಬಳೆಗಳೆಲ್ಲ ಮೊಣಕೈಯತ್ತ ಜಾರಿದ್ದವು. “ನೋ ನೋ, ನಾಟ್ ಹಿಮ್. ಮೀ,” ಎಂದರು. “ಹಿ ಕ್ಯಾನಾಟ್ ಬ್ರೇಕ್ ಇವನ್ ಹಪ್ಪಳ.”

ತರಗತಿಗೆ ಬರುವ ನಮ್ಮಂಥ ಕೆಲವರಿಗೆ ಮಾತ್ರ ಅದೇನೆಂದು ಗೊತ್ತಾಯಿತು. ಇಬ್ಬರಿಗೂ ಒಟ್ಟಿಗೇ ತಗಲಿತ್ತು.

ಗ್ಲೆಂಡಾ ಆ ಎರಡು ಕೈಗಳನ್ನು ನೋಡಿದಳು, ಹಪ್ಪಳವೆಂದರೇನೆಂದು ಕೇಳಲಿಲ್ಲ. ಸಮಿತಿ ಪಿಸುಗುಟ್ಟಿಕೊಂಡು ತೀರ್ಮಾನ ಹೇಳಿತು: ಪಾರ್ಕಿಂಗಿನಲ್ಲಿ ಇನ್ನು ಕಾರುಗಳ ಪೂಜೆ ಇಲ್ಲ. ಒಪ್ಪಿಕೊಂಡವರ ತರಗತಿ ಇರಬಹುದು, ಆದರೆ ಡಿಸೆಂಬರಿನಲ್ಲಿ ಇಲ್ಲೇ ನಡೆಯುವ ಕ್ರಿಸ್‌ಮಸ್ ಮೇಳದೊಳಗೆ ಕಲೆ ಹೋಗಿರಬೇಕು. ಹೋಗದಿದ್ದರೆ ಅದೂ ಇಲ್ಲ.

ಹೊರಗೆ ಬಂದ ಮೇಲೆ ನಾಗೇಂದ್ರರು ಚಾಮರಾಜರನ್ನು ತಬ್ಬಿಕೊಂಡು, ಅಂಕಲ್, ವಾಟ್ ಎ ಜೆಸ್ಚರ್, ಎಂದು ಫೋಟೋ ತೆಗೆಸಿಕೊಂಡರು. ಆ ಫೋಟೋದಲ್ಲಿ ಚಾಮರಾಜರ ಮುಖ, ಎರವಲು ಕೈಗವಸನ್ನು ಮೂಗಿಗೆ ಹಿಡಿದವನ ಹಾಗಿದೆ. ರ‍್ಯಾಲಿಯ ಕಾರ್ಯದರ್ಶಿ ಪದವಿಯನ್ನು ಅಲ್ಲೇ ಬಿಟ್ಟುಕೊಟ್ಟರು. ಈಗ ಅದು ಡಾಕ್ಟರರ ಕೈಯಲ್ಲಿದೆ. ಮುಂದಿನ ಸಲದಿಂದ ಮೊದಲು ಬಂದವರೇ ಗೆದ್ದಂತೆ ಎಂದು ಸಾರಿದ್ದಾರೆ.

ಆಮೇಲಿನ ಶನಿವಾರಗಳಲ್ಲಿ ತರಗತಿ ಶುರುವಾಗುತ್ತಿದ್ದದ್ದು ಪಾರ್ಕಿಂಗಿನಲ್ಲಿ. ವಿನೆಗರ್ ಸುರಿದರೆ ಕೆಂಪು ಹಳದಿಯಾಗುತ್ತದೆ. ಹಳದಿಯನ್ನು ಪರ್ತಿನ ಬಿಸಿಲು ತಿನ್ನುತ್ತದೆ, ನಿಧಾನವಾಗಿ. ಅಂಗಡಿಯ ಬಣ್ಣದ ಕುಂಕುಮವಾಗಿದ್ದರೆ ಸಾಯುವವರೆಗೂ ಹೋಗುತ್ತಿರಲಿಲ್ಲ, ತಮ್ಮದು ಮೈಸೂರಿನಿಂದ ತರಿಸಿದ ಅರಿಶಿನದ ಕುಂಕುಮ ಎಂದು ವನಜಾ ಆಂಟಿ ಹೆಮ್ಮೆಯಿಂದ ಹೇಳುತ್ತಾರೆ, ನಾವೇನೋ ಬಹುಮಾನ ಕೊಡುತ್ತೇವೆ ಎಂಬಂತೆ. ಬಿಸಿ ಸಿಮೆಂಟಿನ ಮೇಲೆ ವಿನೆಗರ್ ಕಾದು ಏಳುವ ವಾಸನೆಗೆ ಮುಖ ಪಕ್ಕಕ್ಕೆ ತಿರುಗಿಸಿಕೊಂಡೇ ಉಜ್ಜುತ್ತಿದ್ದೆವು. ಕೈಗವಸಿನ ವಾಸನೆಯೇ ಎಷ್ಟೋ ಮೇಲು ಎಂದು ನಾನು ಮೊದಲ ಸಲ ಒಪ್ಪಿಕೊಂಡೆ.

ಮೇಳದ ಹಿಂದಿನ ದಿನ ಗ್ಲೆಂಡಾ ಬಂದು, ಬಗ್ಗಿ, ನೆಲದ ಮೇಲೆ ಕೈಯಾಡಿಸಿ, ಕನ್ನಡಕ ಏರಿಸಿ ನೋಡಿದಳು. ಕಲೆ ಇರಲಿಲ್ಲ. ಅಲ್ಲೊಂದೇ ಚೌಕ ಸುತ್ತಲಿನ ಸಿಮೆಂಟಿಗಿಂತ ಬೆಳ್ಳಗಾಗಿತ್ತು, ಅಷ್ಟೆ. ಹಾಲಿನ ಬೀಗದ ಕೈಯನ್ನು ಚಾಮರಾಜರ ಕೈಗಿತ್ತು ಹೋದಳು.

ಮುಖವಾಡ ಹಾಕಿಕೊಂಡೇ, ಉಜ್ಜುವ ಬ್ರಶ್ ಕೈಯಲ್ಲೇ ಹಿಡಿದು ಗಂಡ ಹೆಂಡತಿ ಇಬ್ಬರೂ ಆ ಬಿಳಿ ಚೌಕವನ್ನು ನೋಡುತ್ತಾ ನಿಂತರು.

“ಈಗ ಉಳಿದ ಜಾಗ ಎಲ್ಲ ಎಷ್ಟು ಕೊಳಕಾಗಿ ಕಾಣುತ್ತೆ ನೋಡು ವನಜಾ,” ಎಂದರು ಚಾಮರಾಜರು. “ಥೂ!”

“ಬ್ರಶ್ ಕೆಳಗಿಡ್ರೀ,” ಎಂದರು ಆಂಟಿ.